ಮಕ್ಕಳು 'ಆಗಲ್ಲ' ಅಂದಾಗ ಕ್ಯಾಮೆರಾ ಯಾರ ಕಡೆ? ಯುದ್ಧ ಮುಗಿದ ಮೇಲಿನ ಜಪಾನಿ ಸಿನಿಮಾ: ಯಾವುದರಿಂದ ಶುರು ಮಾಡೋದು

ಎರಡನೇ ಮಹಾಯುದ್ಧ ಮುಗಿದ ಮೇಲೆ ಜಪಾನಿನ ಹುಡುಗ ಹುಡುಗಿಯರ ಬದುಕು ಹೇಗೆ ಬದಲಾಯಿತು ಅಂತ ಸಿನಿಮಾದಲ್ಲಿ ನೋಡಬೇಕು ಅನ್ನುವವರಿಗೆ ಸಾಮಾನ್ಯವಾಗಿ ಸಿಗುವ ಸಲಹೆ ಒಂದೇ: 'ಟೋಕಿಯೋ ಸ್ಟೋರಿ' ನೋಡಿ. ಅದು ದೊಡ್ಡ ಸಿನಿಮಾ, ಅದರಲ್ಲಿ ಎರಡು ಮಾತಿಲ್ಲ. ಆದರೆ ಅದು ವಯಸ್ಸಾದವರ ಸಿನಿಮಾ. ಮಕ್ಕಳ ಮನೆಗೆ ಬಂದ ಅಪ್ಪ ಅಮ್ಮನ ಕಣ್ಣಿನಿಂದಲೇ ನಾವು ಆ ಮಕ್ಕಳನ್ನು ನೋಡುತ್ತೇವೆ. ಆ ಮಕ್ಕಳಿಗೆ ಏನು ಬೇಕಿತ್ತು, ಯಾವುದಕ್ಕೆ ಹಟ ಹಿಡಿದರು, ಯಾವುದನ್ನು ಬಿಟ್ಟುಕೊಟ್ಟರು ಅನ್ನುವುದು ಅಲ್ಲಿ ಅಂಚಿನಲ್ಲೇ ಉಳಿಯುತ್ತದೆ.

ಅಕ್ಕನ ಮಗಳು ಒಂದು ದಿನ ಕೇಳಿದಳು, "ಚಿಕ್ಕಮ್ಮ, ನನ್ನ ವಯಸ್ಸಿನವರ ಕಥೆ ಇರೋ ಹಳೇ ಜಪಾನಿ ಸಿನಿಮಾ ಯಾವುದಾದರೂ ಹೇಳಿ. ಒಂದೇ ಹೇಳಿ." ಮನೆಯಲ್ಲಿ ಅವಳ ಜಾತಕ ಓಡಾಡುತ್ತಿದ್ದ ಕಾಲ ಅದು. ಒಂದೇ ಹೇಳೋದು ನನಗೆ ಆಗಲಿಲ್ಲ. ಅವತ್ತು ಹೇಳಿದ್ದನ್ನು ಸ್ವಲ್ಪ ಬಿಡಿಸಿ ಇಲ್ಲಿ ಬರೆದಿದ್ದೇನೆ.

ಮೊದಲು ಒಂದೆರಡು ಸಂಗತಿ ಗೊತ್ತಿದ್ದರೆ ಒಳ್ಳೆಯದು. ಯುದ್ಧಕ್ಕೆ ಮುಂಚಿನ ಜಪಾನಿನಲ್ಲಿ ಮದುವೆ ಅನ್ನುವುದು ಇಬ್ಬರ ವಿಷಯ ಆಗಿರಲಿಲ್ಲ. ಹಳೆಯ ಕಾನೂನಿನ ಪ್ರಕಾರ ಮನೆಯ ಯಜಮಾನನ ಒಪ್ಪಿಗೆ ಬೇಕಿತ್ತು. ಅದರ ಮೇಲೆ ಗಂಡಿಗೆ 30, ಹೆಣ್ಣಿಗೆ 25 ತುಂಬುವ ತನಕ ಅಪ್ಪ ಅಮ್ಮನ ಒಪ್ಪಿಗೆಯೂ ಬೇಕಿತ್ತು. 1947ರ ಮೇ 3ರಂದು ಜಾರಿಗೆ ಬಂದ ಹೊಸ ಸಂವಿಧಾನದ 24ನೇ ವಿಧಿ ಇದನ್ನೆಲ್ಲ ತಲೆಕೆಳಗು ಮಾಡಿತು. ಗಂಡು ಹೆಣ್ಣು ಇಬ್ಬರೂ ಒಪ್ಪಿದರೆ ಸಾಕು, ಮದುವೆ. ಅದರ ಕರಡು ಬರೆದವಳು, ಸೋತ ಜಪಾನನ್ನು ಆಗ ಆಳುತ್ತಿದ್ದ ಅಮೆರಿಕನ್ನರ ಕಚೇರಿಯಲ್ಲಿದ್ದ ಬಿಯಾಟೆ ಸಿರೋಟಾ, ಆಗ ಅವಳಿಗೆ ಬರೀ 22 ವರ್ಷ. ಹುಡುಗರು ಹುಡುಗಿಯರು ಒಂದೇ ಶಾಲೆಯಲ್ಲಿ ಕೂತು ಓದುವುದಕ್ಕೂ ಅದೇ ವರ್ಷ ಕಾನೂನಿನ ಬೆಂಬಲ ಸಿಕ್ಕಿತು. ಸಿನಿಮಾ ಅದಕ್ಕಿಂತ ಒಂದು ಹೆಜ್ಜೆ ಮುಂದಿತ್ತು. 1946ರ ಮೇ ತಿಂಗಳಲ್ಲೇ 'ಹತಾಚಿ ನೊ ಸೆಯಿಶುನ್', ಅಂದರೆ ಇಪ್ಪತ್ತರ ಹರೆಯ, ಅನ್ನುವ ಸಿನಿಮಾದಲ್ಲಿ ಮುತ್ತಿನ ದೃಶ್ಯ ಬಂದು ಊರೆಲ್ಲ ಮಾತಾಯಿತು. ದೇಶವನ್ನು ಆಳುತ್ತಿದ್ದ ಅಮೆರಿಕನ್ ಅಧಿಕಾರಿಗಳೇ ಮುತ್ತು ತೋರಿಸಿ ಅಂತ ಸ್ಟುಡಿಯೋಗಳ ಬೆನ್ನು ಹತ್ತಿದ್ದರು.

ಆದರೆ ಕಾನೂನು ಬದಲಾದ ವೇಗದಲ್ಲಿ ಮನೆ ಬದಲಾಗಲ್ಲ. ಮಧ್ಯಸ್ಥರು ಫೋಟೋ ತಂದು, ಎರಡು ಮನೆಯವರು ಕೂತು ನೋಡಿ ಮಾಡುವ 'ಮಿಯಾಯಿ' ಮದುವೆಗಳೇ 1960ರ ದಶಕದ ಮಧ್ಯದವರೆಗೂ ಜಾಸ್ತಿ ಇದ್ದವು. ಪ್ರೇಮವಿವಾಹಗಳ ಸಂಖ್ಯೆ ಅವನ್ನು ದಾಟಿದ್ದು ಆ ದಶಕದ ಕೊನೆಯಲ್ಲಿ. ಕಾನೂನಿಗೂ ಅಡುಗೆಮನೆಗೂ ಮಧ್ಯೆ ಉಳಿದ ಈ ಇಪ್ಪತ್ತು ವರ್ಷದ ಅಂತರದಲ್ಲೇ ಈ ಸಿನಿಮಾಗಳೆಲ್ಲ ಹುಟ್ಟಿದವು. ನೋಡುವವರೂ ಎಷ್ಟೊಂದು ಜನ! 1958ರ ಒಂದೇ ವರ್ಷದಲ್ಲಿ ಜಪಾನಿನಲ್ಲಿ 112 ಕೋಟಿಗೂ ಜಾಸ್ತಿ ಟಿಕೆಟ್ ಮಾರಾಟವಾದವು. ಆಗ ದೇಶದ ಜನಸಂಖ್ಯೆ ಒಂಬತ್ತು ಕೋಟಿ ಚಿಲ್ಲರೆ.

ಹಾಗಾದರೆ ಆರಿಸುವುದು ಹೇಗೆ? 'ಸಂಪ್ರದಾಯದ ಪರ', 'ಹೊಸತನದ ಪರ' ಅಂತ ಇವನ್ನು ಎರಡು ಗುಂಪು ಮಾಡುವವರಿದ್ದಾರೆ. ನನಗೆ ಅದು ಯಾವತ್ತೂ ಕೆಲಸಕ್ಕೆ ಬಂದಿಲ್ಲ. ನಾನು ಇನ್ನೊಂದು ಪ್ರಶ್ನೆ ಕೇಳಿಕೊಳ್ಳುತ್ತೇನೆ. ಈ ಸಿನಿಮಾಗಳಲ್ಲಿ ಎಲ್ಲೋ ಒಂದು ಕಡೆ ಚಿಕ್ಕವರು ದೊಡ್ಡವರಿಗೆ 'ಆಗಲ್ಲ' ಅನ್ನುತ್ತಾರೆ. ಆ ಹೊತ್ತಿಗೆ ಕ್ಯಾಮೆರಾ ಯಾರ ಮುಖದ ಮೇಲಿದೆ? ಹೇಳಿದವರ ಮೇಲೋ, ಕೇಳಿಸಿಕೊಂಡವರ ಮೇಲೋ? ಇಷ್ಟು ಗಮನಿಸಿದರೆ ಯಾವ ಸಿನಿಮಾ ನಿಮಗೆ ಅಂತ ತಾನಾಗೇ ಗೊತ್ತಾಗುತ್ತದೆ.

ಓಜು ಮನೆಯ ಹೆಣ್ಣುಮಕ್ಕಳು

ಯಾಸುಜಿರೊ ಓಜು ಮದುವೆಯ ಕಥೆಯನ್ನು ಮತ್ತೆ ಮತ್ತೆ ಹೇಳಿದ ನಿರ್ದೇಶಕ. ಅವರು ಮದುವೆ ಆಗಲಿಲ್ಲ, ಬಹಳ ಕಾಲ ತಾಯಿಯ ಜೊತೆಯೇ ಇದ್ದರು. ಅವರ ಮೂರು ಸಿನಿಮಾಗಳ ಮಧ್ಯೆ ಜನ ಗೊಂದಲ ಮಾಡಿಕೊಳ್ಳುತ್ತಾರೆ: 1949ರ 'ಲೇಟ್ ಸ್ಪ್ರಿಂಗ್', 1951ರ 'ಅರ್ಲಿ ಸಮ್ಮರ್', 1958ರ 'ಈಕ್ವಿನಾಕ್ಸ್ ಫ್ಲವರ್'. ಮೂರರಲ್ಲೂ ಮದುವೆ ವಯಸ್ಸಿನ ಮಗಳು, ಚಿಂತೆ ಮಾಡುವ ಮನೆಯವರು. ಹೆಸರುಗಳೂ ಒಂದೇ ತರಹ. ಆದರೆ ಒಳಗಿನ ಹಟ ಪೂರ್ತಿ ಬೇರೆ.

'ಲೇಟ್ ಸ್ಪ್ರಿಂಗ್'ನ ನೊರಿಕೊಗೆ 27 ವರ್ಷ. ಹೆಂಡತಿ ಇಲ್ಲದ ಅಪ್ಪನ ಜೊತೆ ಕಾಮಾಕುರಾದಲ್ಲಿ ಇರುತ್ತಾಳೆ. ಅವಳಿಗೆ ಬೇಕಾದ್ದು ಇಷ್ಟೇ: ಹೀಗೇ ಇರಬೇಕು. ಯಾರನ್ನೋ ಪ್ರೀತಿಸುತ್ತೇನೆ ಅಂತ ಅವಳು ಹೇಳುವುದಿಲ್ಲ, ಮದುವೆಯೇ ಬೇಡ ಅನ್ನುತ್ತಾಳೆ. ಹೊಸ ಕಾನೂನು ತನಗೆ ಬೇಕಾದವನನ್ನು ಆರಿಸುವ ಹಕ್ಕು ಕೊಟ್ಟಿತ್ತು. ಯಾರನ್ನೂ ಆರಿಸದೆ ಇರುವ ಹಕ್ಕನ್ನು ಅವಳ ಸುತ್ತಲಿನವರು ಯಾರೂ ಒಪ್ಪಲು ತಯಾರಿರಲಿಲ್ಲ. ಮಗಳು ಹೊರಡಲಿ ಅಂತ ಅಪ್ಪ ತಾನೇ ಮರುಮದುವೆ ಆಗುತ್ತೇನೆ ಅಂತ ಸುಳ್ಳು ಹೇಳುತ್ತಾನೆ. ಬಂದ ವರ ನೋಡಲು ಹಾಲಿವುಡ್ ನಟ ಗ್ಯಾರಿ ಕೂಪರ್ ಹಾಗಿದ್ದಾನೆ ಅಂತ ಸೋದರತ್ತೆ ಹೊಗಳುತ್ತಾಳೆ. ಆ ವರನನ್ನು ಓಜು ನಮಗೆ ಒಂದು ಸಲವೂ ತೋರಿಸುವುದಿಲ್ಲ! ಮದುವೆಯನ್ನೂ ತೋರಿಸುವುದಿಲ್ಲ. ಮಗಳು ಹೋದ ಮೇಲೆ ಅಪ್ಪ ಒಬ್ಬನೇ ಕೂತು ಸೇಬಿನ ಸಿಪ್ಪೆ ತೆಗೆಯುತ್ತಾನೆ. ಸಿಪ್ಪೆ ಕೆಳಗೆ ಬೀಳುತ್ತದೆ, ಅವನ ತಲೆ ಬಾಗುತ್ತದೆ. ಈ ಸೇಬನ್ನು ನೆನಪಿಟ್ಟುಕೊಳ್ಳಿ, ಮುಂದೆ ಇನ್ನೊಂದು ಬರುತ್ತದೆ.

'ಅರ್ಲಿ ಸಮ್ಮರ್'ನ ನೊರಿಕೊ, ಅದೇ ನಟಿ ಸೆತ್ಸುಕೊ ಹಾರಾ, ಟೋಕಿಯೋದಲ್ಲಿ ಆಫೀಸಿಗೆ ಹೋಗುವವಳು. ಬಾಸ್ ಒಂದು ಸಂಬಂಧ ತರುತ್ತಾನೆ, ಒಳ್ಳೆ ಮನೆ, ದುಡ್ಡಿರುವವನು. ಮನೆಯವರೆಲ್ಲ ಆ ಕಡೆ ವಾಲುತ್ತಾರೆ. ಅಷ್ಟರಲ್ಲಿ ಪಕ್ಕದ ಮನೆಯ ವಯಸ್ಸಾದ ಹೆಂಗಸು ಸಂಕೋಚದಿಂದಲೇ ಹೇಳುತ್ತಾಳೆ: ಕೋಪ ಮಾಡಿಕೊಳ್ಳಬೇಡಮ್ಮ, ನೀನು ನನ್ನ ಮಗನಿಗೆ ಹೆಂಡತಿ ಆಗಿದ್ದರೆ ಎಷ್ಟು ಚೆನ್ನಾಗಿತ್ತು ಅಂತ ಕನಸು ಕಾಣುತ್ತಿದ್ದೆ. ಮಗ ಹೆಂಡತಿ ಸತ್ತವನು, ಅವನಿಗೆ ಒಂದು ಪುಟ್ಟ ಮಗು ಬೇರೆ. ನೊರಿಕೊ ಅಲ್ಲೇ, ಆ ಕ್ಷಣದಲ್ಲೇ, ನನ್ನಂಥವಳು ಆಗಬಹುದಾ ಅಂತ ಕೇಳುತ್ತಾಳೆ. ಆ ತಾಯಿ ಅತ್ತು, ನಕ್ಕು, ಏನು ಮಾಡಬೇಕೋ ತೋಚದೆ ತಿನ್ನಲು ಬನ್ ಕೊಡುತ್ತೇನೆ ಅನ್ನುತ್ತಾಳೆ. ಇಷ್ಟಾದರೂ ಮಗನನ್ನು ಯಾರೂ ಇನ್ನೂ ಕೇಳಿಯೇ ಇಲ್ಲ. ಪ್ರೇಮವಿವಾಹ ಅನ್ನೋಣ ಅಂದರೆ ಪ್ರೇಮದ ಮಾತೇ ಇಲ್ಲ. ಹಿರಿಯರು ಗೊತ್ತು ಮಾಡಿದ ಮದುವೆ ಅನ್ನೋಣ ಅಂದರೆ ಹಿರಿಯರಿಗೆ ಗೊತ್ತೇ ಇಲ್ಲ. ಇವೆರಡರ ನಡುವೆ ಒಬ್ಬ ಹೆಣ್ಣುಮಗಳು ಕಂಡುಕೊಂಡ ದಾರಿ ಅದು. ನನಗೆ ಓಜು ಸಿನಿಮಾಗಳಲ್ಲಿ ಎಲ್ಲಕ್ಕಿಂತ ಪ್ರೀತಿಯ ದೃಶ್ಯ ಇದೇ.

ಆದರೆ ಮೊದಲ ಸಲ ನೋಡುವವರಿಗೆ ನಾನು ಕೊಡುವುದು 'ಈಕ್ವಿನಾಕ್ಸ್ ಫ್ಲವರ್'. ಇದು ಓಜು ಅವರ ಮೊದಲ ಬಣ್ಣದ ಸಿನಿಮಾ. ಮನೆಯ ಮೂಲೆಯಲ್ಲಿ ಕೂತ ಕೆಂಪು ಕೆಟಲ್ ಒಂದಿದೆ, ಅದು ಕಣ್ಣಿಗೆ ಬಿದ್ದಾಗಲೆಲ್ಲ ಮನಸ್ಸು ಹಗುರಾಗುತ್ತದೆ. ಕಥೆ ಶುರುವಾಗುವುದು ಗೆಳೆಯನ ಮಗಳ ಮದುವೆಯಲ್ಲಿ. ಹಿರಾಯಾಮಾ ಅನ್ನುವ ದೊಡ್ಡ ಕಂಪನಿಯ ಅಧಿಕಾರಿ ಎದ್ದು ನಿಂತು ಭಾಷಣ ಮಾಡುತ್ತಾನೆ: ನಮ್ಮ ಕಾಲದಲ್ಲಿ ದೊಡ್ಡವರು ಗೊತ್ತು ಮಾಡಿದರು, ನಾವು ಆದೆವು, ಪ್ರೀತಿಸಿ ಮದುವೆ ಆಗುವ ಈಗಿನವರನ್ನು ಕಂಡರೆ ಹೊಟ್ಟೆಕಿಚ್ಚಾಗುತ್ತದೆ. ಪಕ್ಕದಲ್ಲೇ ಅವನ ಹೆಂಡತಿ ಕೂತಿದ್ದಾಳೆ. ಆಮೇಲೆ ಒಂದು ದಿನ ಅವನ ಆಫೀಸಿಗೆ ಒಬ್ಬ ಹುಡುಗ ಬಂದು, ನಿಮ್ಮ ಮಗಳನ್ನು ಮದುವೆ ಆಗಬೇಕು ಅಂತಿದ್ದೇನೆ ಅನ್ನುತ್ತಾನೆ. ಅಷ್ಟು ಚೆನ್ನಾಗಿ ಭಾಷಣ ಮಾಡಿದ ಅಪ್ಪ ಕಲ್ಲಾಗುತ್ತಾನೆ.

ಪರರ ಮಕ್ಕಳಿಗೆ ಒಂದು ನ್ಯಾಯ, ತನ್ನ ಮಗಳಿಗೆ ಒಂದು ನ್ಯಾಯ. ಕ್ಯೋಟೋದ ಯುಕಿಕೊ ಅನ್ನುವ ಹುಡುಗಿ ಇದನ್ನೇ ಹಿಡಿದು ಅವನನ್ನು ಬೀಳಿಸುತ್ತಾಳೆ. ತನ್ನ ತಾಯಿ ಬೇಡದ ಮದುವೆಗೆ ಒತ್ತಾಯ ಮಾಡುತ್ತಿದ್ದಾಳೆ, ಏನು ಮಾಡಲಿ ಅಂತ ಕೇಳುತ್ತಾಳೆ. ಅಮ್ಮನ ಮಾತು ಬಿಡು, ನಿನಗೆ ಬೇಕಾದವನನ್ನು ಆಗು ಅಂತ ಅವನು ಸಲಹೆ ಕೊಡುತ್ತಾನೆ. ಸರಿ, ಹಾಗಾದರೆ ನಿಮ್ಮ ಮಗಳಿಗೂ ಇದೇ ಉತ್ತರ ಅಲ್ವಾ ಅಂತ ಅವಳು ಅಲ್ಲೇ ಕಟ್ಟಿಹಾಕುತ್ತಾಳೆ. ಇದನ್ನು ನಾನು ಅಮ್ಮನ ಜೊತೆ ಕೂತು ನೋಡಿದ್ದೆ. ಅಮ್ಮನಿಗೆ ಸಬ್‌ಟೈಟಲ್ ಓದಿ ಹೇಳಬೇಕಾಗಿತ್ತು. ಅರ್ಧ ಆಗುವಷ್ಟರಲ್ಲಿ, "ಓದೋದು ಬೇಡ, ಗೊತ್ತಾಗ್ತಿದೆ, ಈ ಮನುಷ್ಯ ನಮ್ಮಪ್ಪನೇ" ಅಂದರು.

ಈ ಸಿನಿಮಾದಲ್ಲಿ ಮಗಳು 'ಆಗಲ್ಲ' ಅಂದಾಗ ಕ್ಯಾಮೆರಾ ಅಪ್ಪನ ಹತ್ತಿರವೇ ಇರುತ್ತದೆ. ಮಗಳು ಬದಲಾಗಬೇಕಾದ ಅಗತ್ಯವೇ ಇಲ್ಲ, ಅವಳು ಆಗಲೇ ಬದಲಾಗಿದ್ದಾಳೆ. ಬದಲಾಗಬೇಕಾದವನು ಅಪ್ಪ. ಅವನು ಎಷ್ಟು ಕಷ್ಟಪಟ್ಟು, ಎಷ್ಟು ನಿಧಾನವಾಗಿ, ಎಷ್ಟು ಮುಖ ಉಳಿಸಿಕೊಂಡು ಬದಲಾಗುತ್ತಾನೆ ಅನ್ನುವುದೇ ಕಥೆ. ಹೆಂಡತಿಯ ಪಾತ್ರ ಮಾಡಿದ ಕಿನುಯೊ ತನಾಕಾ ಅವರ ಮುಖವನ್ನೂ ಬಿಡಬೇಡಿ. ಅವಳು ಜಗಳ ಆಡುವುದೇ ಇಲ್ಲ ಅನ್ನಬಹುದು. ಆದರೆ ಹಾಕೊನೆಯ ಕೆರೆಯ ದಂಡೆಯಲ್ಲಿ ಕೂತು, ಯುದ್ಧದ ಕಾಲ ಕೆಟ್ಟದಾಗಿತ್ತು, ಆದರೂ ನಾವು ನಾಲ್ಕೂ ಜನ ಬಾಂಬ್ ದಾಳಿಗೆ ಅಡಗುವ ಗುಂಡಿಯೊಳಗೆ ಒಟ್ಟಿಗೆ ಕೂರುತ್ತಿದ್ದುದು ನೆನಪಾದರೆ ಖುಷಿಯಾಗುತ್ತದೆ ಅನ್ನುವ ಅರ್ಥದ ಮಾತಾಡುತ್ತಾಳೆ. ಗಂಡ ಅದನ್ನು ಒಪ್ಪುವುದಿಲ್ಲ. ಒಂದೇ ಮನೆ, ಒಂದೇ ಬಾಂಬು, ಎರಡು ನೆನಪು.

ಮಕ್ಕಳು ಇನ್ನೂ ಚಿಕ್ಕವರಾಗಿದ್ದರೆ, ಅವರ ಜೊತೆ ನೋಡುವುದಾದರೆ, 1959ರ 'ಗುಡ್ ಮಾರ್ನಿಂಗ್' ಸಾಕು. ಟೀವಿ ತಂದುಕೊಡಿ ಅಂತ ಇಬ್ಬರು ಅಣ್ಣತಮ್ಮಂದಿರು ಮಾತು ಬಿಟ್ಟು ಮುಷ್ಕರ ಹೂಡುತ್ತಾರೆ. ದೊಡ್ಡವರಾದರೂ ಸುಮ್ನೆ 'ನಮಸ್ಕಾರ, ಚೆನ್ನಾಗಿದ್ದೀರಾ, ಎಲ್ಲಿಗೆ ಹೊರಟಿರಿ' ಅಂತ ಬೇಡದ ಮಾತಾಡುತ್ತಾರಲ್ಲ ಅಂತ ಆ ಮಕ್ಕಳ ವಾದ. ಆ ವರ್ಷ ಏಪ್ರಿಲ್ 10ರಂದು ಯುವರಾಜ ಅಕಿಹಿತೊ ಮತ್ತು ಸಾಮಾನ್ಯ ಮನೆತನದ ಮಿಚಿಕೊ ಶೋದಾ ಅವರ ಮದುವೆ ಆಯಿತು. ಅದನ್ನು ನೋಡಲೆಂದೇ ಎಷ್ಟೋ ಮನೆಗೆ ಟೀವಿ ಬಂತು. ಅವರಿಬ್ಬರ ಪರಿಚಯ ಆದದ್ದು ಕರುಯಿಜಾವಾದ ಟೆನಿಸ್ ಅಂಗಳದಲ್ಲಿ. ಅರಮನೆಯೇ ಹೀಗಾದ ಮೇಲೆ ಹಿರಾಯಾಮಾನಂಥ ಅಪ್ಪಂದಿರ ಗತಿ ಏನು!

'ಟೋಕಿಯೋ ಟ್ವಿಲೈಟ್' ಮಾತ್ರ ಓಜು ಅಂತ ನಂಬಿ ಮೊದಲೇ ಹಾಕಬೇಡಿ. 1957ರದ್ದು, ಎರಡು ಗಂಟೆ ಇಪ್ಪತ್ತು ನಿಮಿಷ, ಬೇಡದ ಬಸಿರು ಹೊತ್ತ ಹುಡುಗಿಯ ಕಥೆ. ಕತ್ತಲೆ ಗಾಢವಾಗಿದೆ. ಓಜು ಪರಿಚಯ ಆದ ಮೇಲೆ ನೋಡಿದರೆ ಎದೆಗೆ ತಟ್ಟುತ್ತದೆ.

ಅದೇ ನಟಿ, ಅದೇ ವರ್ಷ

1949ರ ಜುಲೈನಲ್ಲಿ, 'ಲೇಟ್ ಸ್ಪ್ರಿಂಗ್'ಗಿಂತ ಎರಡು ತಿಂಗಳು ಮುಂಚೆ, ಸೆತ್ಸುಕೊ ಹಾರಾ ಇನ್ನೊಂದು ಸಿನಿಮಾದಲ್ಲಿ ಬಂದಿದ್ದರು. ತದಾಶಿ ಇಮಾಯಿ ನಿರ್ದೇಶಿಸಿದ 'ಆಓಯಿ ಸನ್ಮ್ಯಾಕು', ಅಂದರೆ ನೀಲಿ ಬೆಟ್ಟಸಾಲು. ಸಣ್ಣ ಊರಿನ ಹುಡುಗಿಯರ ಶಾಲೆ. ಹೊಸದಾಗಿ ಬಂದ ವಿದ್ಯಾರ್ಥಿನಿ ಒಬ್ಬ ಹುಡುಗನ ಜೊತೆ ಮಾತಾಡಿದಳು ಅಂತ ಸಹಪಾಠಿಗಳು ಅವಳಿಗೆ ಸುಳ್ಳು ಪ್ರೇಮಪತ್ರ ಬರೆದು ಕಳಿಸುತ್ತಾರೆ. ಪತ್ರದಲ್ಲಿ 'ಪ್ರೀತಿ' ಅನ್ನುವ ಅಕ್ಷರದ ಬದಲು ನೋಡಲು ಹಾಗೇ ಇರುವ 'ವಿಚಿತ್ರ' ಅನ್ನುವ ಅಕ್ಷರ ಬಿದ್ದುಬಿಟ್ಟಿರುತ್ತದೆ! ಹಾರಾ ಇಲ್ಲಿ ಟೀಚರ್. ಆ ಹುಡುಗಿಯ ಪರವಾಗಿ ನಿಲ್ಲುತ್ತಾರೆ, ಊರಿನ ದೊಡ್ಡವರೆಲ್ಲ ಸಭೆ ಸೇರುತ್ತಾರೆ. ಹುಡುಗ ಹುಡುಗಿಯರು ಸೈಕಲ್ ಹತ್ತಿ ಹೋಗುವ ದೃಶ್ಯ, ಅದರ ಹಾಡು, ಜಪಾನಿನಲ್ಲಿ ಇವತ್ತಿಗೂ ಹಳಬರ ಬಾಯಲ್ಲಿದೆ.

ಇದು ನಂಬಿಕೆಯ ಸಿನಿಮಾ. ಚರ್ಚೆ ಮಾಡಿದರೆ, ಮತ ಹಾಕಿದರೆ, ಎಲ್ಲ ಸರಿ ಹೋಗುತ್ತದೆ ಅನ್ನುವ ನಂಬಿಕೆ. ಯುದ್ಧ ಮುಗಿದು ನಾಲ್ಕೇ ವರ್ಷ ಆಗಿದ್ದ ಜನಕ್ಕೆ ಅದು ಎಷ್ಟು ಬೇಕಾಗಿತ್ತು ಅಂತ ಊಹಿಸಬಹುದು. ಸಿನಿಮಾ ಅಂತ ನೋಡಿದರೆ ಪಾಠದ ಹಾಗೆ ಅನ್ನಿಸುವ ಜಾಗಗಳಿವೆ. ಆ ಕಾಲದ ಉತ್ಸಾಹ ಅರ್ಥ ಆಗಬೇಕು ಅನ್ನುವವರಿಗೆ ಸರಿ. ಉಳಿದವರು ಇದನ್ನು ಬಿಟ್ಟು ಮುಂದೆ ಹೋಗಬಹುದು.

ಬಿಸಿಲು, ದೋಣಿ, ದುಡ್ಡು

ಏಳು ವರ್ಷ ಕಳೆಯಿತು. 1956ರ ಜನವರಿಯಲ್ಲಿ ಶಿಂತಾರೊ ಇಶಿಹಾರಾ ಅನ್ನುವ ವಿದ್ಯಾರ್ಥಿಗೆ ದೊಡ್ಡ ಸಾಹಿತ್ಯ ಪ್ರಶಸ್ತಿ ಬಂತು. ಶ್ರೀಮಂತ ಮನೆಯ, ಯಾವುದಕ್ಕೂ ಲೆಕ್ಕ ಕೊಡದ ಹುಡುಗರ ಕಥೆಗೆ ಬಂದ ಪ್ರಶಸ್ತಿ ಅದು. ಕೆಲವೇ ತಿಂಗಳಲ್ಲಿ ಅಂಥ ಮೂರು ಸಿನಿಮಾ ಬಂದವು. ಅಲೋಹಾ ಅಂಗಿ, ಕಪ್ಪು ಕನ್ನಡಕ, ಶಿಂತಾರೊ ತರಹದ ಕ್ರಾಪು. ಹಾಗೆ ಓಡಾಡುವ ಹುಡುಗರಿಗೆ 'ತಾಯಿಯೋಜೊಕು', ಅಂದರೆ ಸೂರ್ಯಕುಲದವರು ಅಂತಲೇ ಹೆಸರು ಬಿತ್ತು. ತಾಯಂದಿರ ಸಂಘಗಳು ಎದ್ದು ನಿಂತವು. ಸಿನಿಮಾರಂಗದ ಸ್ವಂತ ಸೆನ್ಸಾರ್ ಮಂಡಳಿ 'ಎಯಿರಿನ್' ಅನ್ನು ಅದೇ ವರ್ಷ ಹೊಸದಾಗಿ ಕಟ್ಟಬೇಕಾಗಿ ಬಂತು.

ಇವುಗಳಲ್ಲಿ ಒಂದನ್ನೇ ನೋಡುವುದಾದರೆ ಕೋ ನಕಹಿರಾ ಅವರ 'ಕ್ರೇಜ್ಡ್ ಫ್ರೂಟ್'. ಬರೀ 86 ನಿಮಿಷ. ಅಣ್ಣ ತಮ್ಮ ಇಬ್ಬರೂ ಒಬ್ಬಳನ್ನೇ ಬಯಸುತ್ತಾರೆ. ಸಮುದ್ರ, ಮೋಟಾರ್ ದೋಣಿ, ವಾಟರ್ ಸ್ಕೀಯಿಂಗ್, ಬೆವರು, ಬೇಸರ. ಅಣ್ಣನಾಗಿ ಬಂದ ಯುಜಿರೊ ಇಶಿಹಾರಾ, ಶಿಂತಾರೊ ಅವರ ಸ್ವಂತ ತಮ್ಮ, ಇದರಿಂದಲೇ ದೊಡ್ಡ ತಾರೆ ಆದರು. ನಾಯಕಿ ಮಿಯೆ ಕಿತಹಾರಾ ಅವರನ್ನು 1960ರಲ್ಲಿ ಮದುವೆಯೂ ಆದರು.

ಇಲ್ಲಿ ಅಪ್ಪ ಅಮ್ಮಂದಿರು ಲೆಕ್ಕಕ್ಕೇ ಇಲ್ಲ. 'ಆಗಲ್ಲ' ಅಂತ ಹೇಳಲು ಎದುರಿಗೆ ಯಾರೂ ಇಲ್ಲ. ಹಾಗಾಗಿ ಹಟವೆಲ್ಲ ಒಬ್ಬರ ಮೇಲೊಬ್ಬರು ತಿರುಗುತ್ತದೆ. ಓಜು ಮನೆಯಲ್ಲಿ ಉಸಿರುಕಟ್ಟಿದವರಿಗೆ ಮೊದಲ ಅರ್ಧ ಗಂಟೆ ಗಾಳಿ ಬೀಸಿದ ಹಾಗಾಗುತ್ತದೆ. ಆಮೇಲೆ ಭಯವಾಗುತ್ತದೆ. ಅದೇ ಗುಂಪಿನ ಮೊದಲ ಸಿನಿಮಾ 'ಸೀಸನ್ ಆಫ್ ದಿ ಸನ್' ಇತಿಹಾಸಕ್ಕೆ ಮುಖ್ಯ, ನೋಡಲು ಅಷ್ಟೇನಿಲ್ಲ. ಅದರಲ್ಲಿ ಹುಡುಗ ತನ್ನ ಗೆಳತಿಯನ್ನು ಅಣ್ಣನಿಗೆ ಐದು ಸಾವಿರ ಯೆನ್‌ಗೆ ಬಿಟ್ಟುಕೊಡುತ್ತಾನೆ. ಈ ಸೂರ್ಯಕುಲದ ಸ್ವಾತಂತ್ರ್ಯದಲ್ಲಿ ಹುಡುಗಿಗೆ ಎಷ್ಟು ಪಾಲು ಅನ್ನುವುದಕ್ಕೆ ಇದೊಂದು ಸಾಕು.

ಯಾರೂ ಹೇಳದ ಸಿನಿಮಾ

ಯಾಸುಜೊ ಮಾಸುಮುರಾ ಅವರ ಮೊದಲ ಸಿನಿಮಾ 'ಕಿಸಸ್', 1957. ಎಪ್ಪತ್ತನಾಲ್ಕೇ ನಿಮಿಷ. ಸೂರ್ಯಕುಲದ ಮಕ್ಕಳ ಹತ್ತಿರ ದೋಣಿ ಇತ್ತು. ಇಲ್ಲಿನವರ ಹತ್ತಿರ ಊಟಕ್ಕೂ ದುಡ್ಡಿಲ್ಲ. ಹುಡುಗ ಹುಡುಗಿ ಭೇಟಿ ಆಗುವುದು ಜೈಲಿನಲ್ಲಿ, ಒಳಗಿರುವ ಅಪ್ಪಂದಿರನ್ನು ನೋಡಲು ಬಂದಾಗ. ಅವನ ಅಪ್ಪ ಚುನಾವಣೆಯ ಅಕ್ರಮದಲ್ಲಿ ಸಿಕ್ಕಿಬಿದ್ದವನು. ಅವಳ ಅಪ್ಪ ಸರ್ಕಾರಿ ಹಣ ಮುಟ್ಟಿದವನು, ಅಮ್ಮ ಕ್ಷಯದ ಆಸ್ಪತ್ರೆಯಲ್ಲಿ. ಬಿಡುಗಡೆಗೆ ಒಂದು ಲಕ್ಷ ಯೆನ್ ಜಾಮೀನು ಬೇಕು. ಅವರಿಬ್ಬರಿಗೆ ಸಿಗುವುದು ಒಂದೇ ದಿನ. ಸೈಕಲ್ ರೇಸಿನ ಬಾಜಿಯಲ್ಲಿ ಗೆದ್ದ ಸ್ವಲ್ಪ ದುಡ್ಡು, ಒಂದು ಮೋಟಾರ್ ಬೈಕು, ಸಮುದ್ರದ ದಂಡೆ.

ಮಾಸುಮುರಾ ರೋಮಿನ ಸಿನಿಮಾ ಶಾಲೆಯಲ್ಲಿ ಓದಿ ಬಂದವರು. ಜಪಾನಿ ಸಿನಿಮಾದಲ್ಲಿ ಮನುಷ್ಯರು ನಿಟ್ಟುಸಿರು ಬಿಡುವುದೇ ಜಾಸ್ತಿ, ಬೇಕಾದ್ದನ್ನು ಬಾಯಿ ಬಿಟ್ಟು ಕೇಳುವುದಿಲ್ಲ ಅನ್ನುವುದು ಅವರ ತಕರಾರು. ಈ ಸಿನಿಮಾದಲ್ಲಿ ಅದು ಕಾಣುತ್ತದೆ. ಎಲ್ಲರೂ ಬೇಗ ಮಾತಾಡುತ್ತಾರೆ, ಬೇಗ ನಡೆಯುತ್ತಾರೆ. ಹಿಂದಿನ ತಲೆಮಾರು ಮಾಡಿದ ತಪ್ಪಿಗೆ ಮಕ್ಕಳು ಸಾಲ ತೀರಿಸಬೇಕು. ಆದರೂ ಅವರು ಅಪ್ಪಂದಿರನ್ನು ದ್ವೇಷಿಸುವುದಿಲ್ಲ, ಬಿಡಿಸಿಕೊಂಡು ಬರಲು ಓಡುತ್ತಾರೆ. ಇದು ನನ್ನನ್ನು ಬಹಳ ಕಾಡಿತು. ಹೊಸ ತಲೆಮಾರು ಅಂದರೆ ಹಳಬರನ್ನು ಒದ್ದು ಹೋಗುವವರು ಅಂತ ಉಳಿದ ಸಿನಿಮಾಗಳು ಹೇಳುತ್ತಿದ್ದ ಕಾಲದಲ್ಲಿ ಇದೊಂದು ಬೇರೆ ಮಾತು ಹೇಳಿತು. ಕ್ಯಾಮೆರಾ ಪೂರ್ತಿ ಮಕ್ಕಳ ಜೊತೆಗಿದೆ, ಓಡುತ್ತಲೇ ಇದೆ.

ಇನ್ನೊಂದು ಸೇಬು

ನಗಿಸಾ ಓಶಿಮಾ ಅವರ 'ಕ್ರೂಯಲ್ ಸ್ಟೋರಿ ಆಫ್ ಯೂತ್' 1960ರ ಜೂನ್ ತಿಂಗಳ ಮೊದಲ ವಾರ ಬಿಡುಗಡೆ ಆಯಿತು. ಟೋಕಿಯೋದ ಬೀದಿಗಳು ಆಗ ಕುದಿಯುತ್ತಿದ್ದವು. ಅಮೆರಿಕದ ಜೊತೆಗಿನ ಭದ್ರತಾ ಒಪ್ಪಂದದ ವಿರುದ್ಧ ಲಕ್ಷಗಟ್ಟಲೆ ಜನ ಬೀದಿಗಿಳಿದಿದ್ದರು. ಜೂನ್ 15ರಂದು ಸಂಸತ್ತಿನ ಆವರಣದಲ್ಲಿ ಮಿಚಿಕೊ ಕನ್ಬಾ ಅನ್ನುವ ವಿದ್ಯಾರ್ಥಿನಿ ಸತ್ತಳು. ಒಪ್ಪಂದ ಮಾತ್ರ ಜಾರಿಗೆ ಬಂತು. ಓಶಿಮಾಗೆ ಆಗ 28 ವರ್ಷ. ಆ ಚಳವಳಿಯ ನಿಜವಾದ ದೃಶ್ಯಗಳನ್ನು ಅವರು ಸಿನಿಮಾದೊಳಗೇ ಸೇರಿಸಿದರು. ಅವರ ನಾಯಕ ನಾಯಕಿ ಮೆರವಣಿಗೆಯನ್ನು ಪಕ್ಕದಲ್ಲಿ ನಿಂತು ನೋಡುತ್ತಾರೆ, ಸೇರುವುದಿಲ್ಲ.

ಮಾಕೊತೊ ಶಾಲೆಗೆ ಹೋಗುವ ಹುಡುಗಿ. ಕಿಯೊಶಿ ಕಾಲೇಜು ಹುಡುಗ. ಅವಳು ರಾತ್ರಿ ಹೊತ್ತು ಮಧ್ಯವಯಸ್ಸಿನ ಗಂಡಸರ ಕಾರು ಹತ್ತುತ್ತಾಳೆ. ಅವರು ಕೈ ಹಾಕಿದ ಕೂಡಲೇ ಅವನು ಬಂದು ಹೊಡೆದು ದುಡ್ಡು ಕಿತ್ತುಕೊಳ್ಳುತ್ತಾನೆ. ಇದೇ ಅವರ ಸಂಪಾದನೆ. ಒಂದು ಎಚ್ಚರಿಕೆ ಹೇಳಲೇಬೇಕು. ಶುರುವಿನಲ್ಲೇ, ನೀರಿನಲ್ಲಿ ತೇಲುವ ಮರದ ದಿಮ್ಮಿಗಳ ಮೇಲೆ, ಅವನು ಅವಳ ಮೇಲೆ ಬಲಾತ್ಕಾರ ಮಾಡುವ ದೃಶ್ಯ ಇದೆ. ಆಮೇಲೂ ಅವಳು ಅವನ ಜೊತೆ ಇರುತ್ತಾಳೆ. ನೋಡಲು ಕಷ್ಟವಾಗುತ್ತದೆ, ಆಗಬೇಕು ಕೂಡ. ಮನಸ್ಸು ಗಟ್ಟಿ ಇಲ್ಲದ ದಿನ ಇದನ್ನು ಹಾಕಬೇಡಿ.

ಮಾಕೊತೊಳ ಅಕ್ಕ ಯುಕಿ ಹಿಂದಿನ ಚಳವಳಿಯ ತಲೆಮಾರಿನವಳು. ಆಗ ದೇಶ ಬದಲಾಗುತ್ತದೆ ಅಂತ ನಂಬಿದ್ದಳು. ಅವಳ ಹಳೆಯ ಗೆಳೆಯ ಈಗ ಬಡ ಬಡಾವಣೆಯ ಡಾಕ್ಟರು. ಮಾಕೊತೊ ಗರ್ಭಪಾತಕ್ಕೆ ಬರುವುದು ಅವನ ಕ್ಲಿನಿಕ್ಕಿಗೇ. ಅವಳು ಮಂಚದ ಮೇಲೆ ಪ್ರಜ್ಞೆ ಇಲ್ಲದೆ ಮಲಗಿದ್ದಾಳೆ. ಪಕ್ಕದ ಕೋಣೆಯಲ್ಲಿ ಅಕ್ಕ ಮತ್ತು ಡಾಕ್ಟರು ತಮ್ಮ ಸೋಲಿನ ಮಾತಾಡುತ್ತಿದ್ದಾರೆ. ನಿಮ್ಮ ಹಾಗೆ ಕನಸು ಕಂಡು ಸೋಲುವವರು ನಾವಲ್ಲ ಅನ್ನುವ ಧಾಟಿಯಲ್ಲಿ ಕಿಯೊಶಿ ಉತ್ತರ ಕೊಡುತ್ತಾನೆ. ಆಮೇಲೆ ಕತ್ತಲಲ್ಲಿ ಕೂತು ಒಂದು ಸೇಬನ್ನು ಕಚ್ಚಿ ಕಚ್ಚಿ ತಿನ್ನುತ್ತಾನೆ. ಕ್ಯಾಮೆರಾ ಅವನ ಮುಖ ಬಿಟ್ಟು ಕದಲುವುದಿಲ್ಲ. ಹಲ್ಲಿನ ಸದ್ದು ಕೇಳುತ್ತದೆ. ಬಹಳ ಹೊತ್ತು.

ಓಜು ಅವರ ಅಪ್ಪ ಸಿಪ್ಪೆ ತೆಗೆದ ಸೇಬು, ಓಶಿಮಾ ಅವರ ಹುಡುಗ ಸಿಪ್ಪೆ ಸಮೇತ ತಿಂದ ಸೇಬು. ಮಧ್ಯೆ ಹನ್ನೊಂದು ವರ್ಷ. ಎರಡೂ ಒಂದೇ ಕಂಪನಿಯ ಸಿನಿಮಾ, ಶೋಚಿಕು. ಒಬ್ಬರು ಬೇಕೆಂದೇ ಇನ್ನೊಬ್ಬರಿಗೆ ಉತ್ತರ ಕೊಟ್ಟರು ಅಂತ ನಾನು ಹೇಳುತ್ತಿಲ್ಲ. ನೋಡಿದವಳಾಗಿ ನನಗೆ ಹಾಗೆ ಕೇಳಿಸಿತು, ಅಷ್ಟೇ. ಅದೇ ವರ್ಷ ಅಕ್ಟೋಬರ್‌ನಲ್ಲಿ ಓಶಿಮಾ ಅವರ 'ನೈಟ್ ಆಂಡ್ ಫಾಗ್ ಇನ್ ಜಪಾನ್' ಅನ್ನು ಶೋಚಿಕು ನಾಲ್ಕೇ ದಿನಕ್ಕೆ ಥಿಯೇಟರುಗಳಿಂದ ಕಿತ್ತುಹಾಕಿತು. ಅವರು ಕಂಪನಿ ಬಿಟ್ಟು ಹೊರನಡೆದರು.

ಕುಲುಮೆಯ ಊರಿನ ಜುನ್

ಇಷ್ಟು ಹೊತ್ತು ಮಾತಾಡಿದ ಸಿನಿಮಾಗಳಲ್ಲಿ ಒಂದು ಕೊರತೆ ಇದೆ. ಕೆಲಸ ಮಾಡುವ ಬಡವರ ಮನೆಯ ಹುಡುಗಿ ಎಲ್ಲಿ? 1962ರಲ್ಲಿ ಕಿರಿಯೊ ಉರಾಯಾಮಾ ಅವರ ಮೊದಲ ಸಿನಿಮಾ 'ಫೌಂಡ್ರಿ ಟೌನ್' ಬಂತು. ಕಬ್ಬಿಣ ಎರಕದ ಊರು ಕವಾಗುಚಿ. ಜುನ್ ಮಿಡ್ಲ್ ಸ್ಕೂಲಿನ ಕೊನೆಯ ವರ್ಷದಲ್ಲಿದ್ದಾಳೆ. ಪಾತ್ರ ಮಾಡಿದ ಸಾಯುರಿ ಯೋಶಿನಾಗಾಗೆ ಆಗ 17. ಅಪ್ಪ ಹಳೆಯ ಕಾಲದ ಎರಕದ ಕೆಲಸಗಾರ. ಕೆಲಸ ಹೋಗಿದೆ. ಸಂಘದವರು ಸಹಾಯಕ್ಕೆ ಬಂದರೆ ಬೇಡ ಅನ್ನುವಷ್ಟು ಜಂಬ, ಸಿಕ್ಕ ದುಡ್ಡೆಲ್ಲ ಕುಡಿತಕ್ಕೆ. ಜುನ್‌ಗೆ ಹೈಸ್ಕೂಲಿಗೆ ಹೋಗುವ ಆಸೆ. ಪಚಿಂಕೊ ಅನ್ನುವ ಗುಂಡಿನ ಜೂಜಾಟದ ಅಂಗಡಿಯಲ್ಲಿ ಕೆಲಸ ಮಾಡಿ ಫೀಸಿಗೆ ದುಡ್ಡು ಕೂಡಿಸುತ್ತಾಳೆ.

ಅವಳ ಗೆಳತಿ ಕೊರಿಯಾ ಮೂಲದ ಮನೆಯವಳು. ಆ ಮನೆಯವರು ಉತ್ತರ ಕೊರಿಯಾಕ್ಕೆ ಹೊರಡುತ್ತಾರೆ. 1959ರ ಡಿಸೆಂಬರ್‌ನಿಂದ ನೀಗಾತಾ ಬಂದರಿನಿಂದ ಹಡಗುಗಳು ಹೀಗೆ ಜನರನ್ನು ಕರೆದೊಯ್ಯುತ್ತಿದ್ದವು. ಒಟ್ಟು 93 ಸಾವಿರ ಜನ ಹೋದರು. ಸಿನಿಮಾ ಇದನ್ನು ಹೊಸ ಬದುಕಿನ ಭರವಸೆಯಾಗಿ ತೋರಿಸುತ್ತದೆ. ಹೋದವರಲ್ಲಿ ಬಹಳ ಜನರಿಗೆ ಅಲ್ಲಿ ಕಾದಿದ್ದು ಏನು ಅಂತ ಈಗ ನಮಗೆ ಗೊತ್ತು. ಅದು ತಿಳಿದು ನೋಡುವಾಗ ರೈಲ್ವೆ ನಿಲ್ದಾಣದ ಬೀಳ್ಕೊಡುಗೆಯ ಹಾಡು ಗಂಟಲಲ್ಲಿ ಸಿಕ್ಕಿಹಾಕಿಕೊಳ್ಳುತ್ತದೆ.

ಜುನ್ 'ಆಗಲ್ಲ' ಅನ್ನುವ ರೀತಿಯೇ ಬೇರೆ. ಮನೆಯವರು ಅವಳಿಗೆ ದಾರಿ ಮಾಡಿಕೊಡಲು ನೋಡಿದಾಗಲೂ ಅವಳು ತನ್ನ ದಾರಿ ತಾನೇ ಆರಿಸುತ್ತಾಳೆ: ಕಾರ್ಖಾನೆಯಲ್ಲಿ ಕೆಲಸ, ಸಂಜೆ ಶಾಲೆ. ಪ್ರೀತಿ, ಮದುವೆ, ವರ, ಯಾವುದೂ ಅವಳ ಮುಂದಿಲ್ಲ. ಕ್ಯಾಮೆರಾ ಅವಳ ಎತ್ತರಕ್ಕೇ ನಿಂತು ನೋಡುತ್ತದೆ. ಇದರ ಚಿತ್ರಕಥೆಯಲ್ಲಿ ಶೊಹೆಯಿ ಇಮಾಮುರಾ ಅವರ ಕೈ ಇದೆ. ಅವರದೇ 'ಪಿಗ್ಸ್ ಆಂಡ್ ಬ್ಯಾಟಲ್‌ಶಿಪ್ಸ್'ನ ಹರುಕೊ ಕೂಡ ಇಂಥವಳೇ. ಒಬ್ಬ ಅಮೆರಿಕದವನಿಗೆ ಇಟ್ಟುಕೊಂಡವಳಾಗು ಅಂತ ಮನೆಯವರೇ ತಳ್ಳಿದರೂ ಒಪ್ಪದೆ ನಡೆಯುತ್ತಾಳೆ. ಅದು ಒರಟು, ಗಲಾಟೆಯ ಸಿನಿಮಾ. 'ಫೌಂಡ್ರಿ ಟೌನ್' ಇಷ್ಟವಾದರೆ ಮುಂದಿನ ವಾರಕ್ಕೆ ಇಟ್ಟುಕೊಳ್ಳಿ.

ಹಾಗಾದರೆ ಯಾವುದು?

ಮನೆಯವರ ಜೊತೆ, ವಯಸ್ಸಾದವರೂ ಇದ್ದಾಗ ನೋಡುವುದಾದರೆ 'ಈಕ್ವಿನಾಕ್ಸ್ ಫ್ಲವರ್'. ಮದುವೆಯ ವಿಷಯ ಮನೆಯಲ್ಲಿ ಎತ್ತಲು ಬಾಯಿ ಬರದಿದ್ದರೆ, ಈ ಸಿನಿಮಾ ಹಾಕಿ ಸುಮ್ಮನೆ ಕೂರಿ. ಒಬ್ಬರೇ ಇದ್ದೀರಿ, ಒಂದು ಗಂಟೆ ಹದಿನೈದು ನಿಮಿಷ ಮಾತ್ರ ಇದೆ ಅಂದರೆ 'ಕಿಸಸ್'. ಓದು, ಫೀಸು, ಕೆಲಸ, ಇವೇ ನಿಮ್ಮ ತಲೆಯಲ್ಲಿ ಓಡುತ್ತಿದ್ದರೆ 'ಫೌಂಡ್ರಿ ಟೌನ್'. ಸಿನಿಮಾ ಭಾಷೆ ಹೇಗೆ ಬದಲಾಯಿತು ಅಂತ ಕುತೂಹಲ ಇರುವವರು 'ಕ್ರೇಜ್ಡ್ ಫ್ರೂಟ್' ನೋಡಿ ಆಮೇಲೆ ಓಶಿಮಾಗೆ ಬನ್ನಿ. ಓಶಿಮಾ ಅವರೇ ಆ ಸಿನಿಮಾವನ್ನು ಮೆಚ್ಚಿ ಬರೆದಿದ್ದರು. 'ಲೇಟ್ ಸ್ಪ್ರಿಂಗ್' ಬಗ್ಗೆ ನನ್ನ ಅಭಿಪ್ರಾಯ ಕೆಲವರಿಗೆ ಹಿಡಿಸಲ್ಲ. ಅದನ್ನು ಎರಡನೆಯದಾಗಿ ನೋಡಿ. ಮೊದಲೇ ನೋಡಿದರೆ ಅಪ್ಪನ ತ್ಯಾಗ ಮಾತ್ರ ಕಾಣುತ್ತದೆ. ಬೇರೆ ಯಾವುದಾದರೂ ನೋಡಿ ಬಂದರೆ ಮಗಳ ಮುಖ ಕಾಣುತ್ತದೆ. ಅವಳು 'ನೋ' ಅನ್ನುವ ಜಪಾನಿನ ಹಳೆಯ ಸಾಂಪ್ರದಾಯಿಕ ನಾಟಕ ನೋಡುತ್ತಾ ಕೂತಾಗ ಆ ಮುಖದಲ್ಲಿ ನಗು ಆರಿ ಹೋಗುವ ಬಗೆ ಇದೆಯಲ್ಲ, ಅದನ್ನು ತಪ್ಪಿಸಿಕೊಳ್ಳಬಾರದು.

ಎರಡು ರಾತ್ರಿ ಸಿಗುವವರಿಗೆ ನನ್ನ ಜೋಡಿ ಇದು. ಮೊದಲ ರಾತ್ರಿ 'ಈಕ್ವಿನಾಕ್ಸ್ ಫ್ಲವರ್'. ಅದರಲ್ಲಿ ಹಿರಾಯಾಮಾನ ಚಿಕ್ಕ ಮಗಳು ಹಿಸಾಕೊ ಇದ್ದಾಳೆ, ಅಕ್ಕನ ಪರವಾಗಿ ನಿಲ್ಲುವ ಚೂಟಿ ಹುಡುಗಿ. ಗೆಳೆಯನ ಮಗಳು ಫುಮಿಕೊ ಇದ್ದಾಳೆ, ಮನೆ ಬಿಟ್ಟು ಪ್ರಿಯಕರನ ಜೊತೆ ಇರುವವಳು, ಬಾರಿನಲ್ಲಿ ಕೆಲಸ ಮಾಡುವವಳು. ಇಬ್ಬರ ಮುಖವನ್ನೂ ಸರಿಯಾಗಿ ನೋಡಿಕೊಳ್ಳಿ. ಎರಡನೇ ರಾತ್ರಿ 'ಕ್ರೂಯಲ್ ಸ್ಟೋರಿ ಆಫ್ ಯೂತ್' ಹಾಕಿ. ಹಿಸಾಕೊ ಆಗಿದ್ದ ಮಿಯುಕಿ ಕುವಾನೊ ಇಲ್ಲಿ ಮಾಕೊತೊ. ಫುಮಿಕೊ ಆಗಿದ್ದ ಯೊಶಿಕೊ ಕುಗಾ ಇಲ್ಲಿ ಅವಳ ಅಕ್ಕ ಯುಕಿ. ಎರಡೇ ವರ್ಷ ಕಳೆದಿದೆ. ಅಕ್ಕನ ಮಗಳು ಎರಡನೆಯದರ ಮೊದಲ ಐದು ನಿಮಿಷಕ್ಕೇ ರಿಮೋಟ್ ತೆಗೆದುಕೊಂಡು ನಿಲ್ಲಿಸಿ, "ಚಿಕ್ಕಮ್ಮ, ಇವಳು ಆ ಮನೆಯ ತಂಗಿ ಅಲ್ವಾ? ಇವಳ್ಯಾಕೆ ಇಲ್ಲಿದ್ದಾಳೆ?" ಅಂದಳು.